ಹಾಲಿನ ಡೈರಿಯಲ್ಲೊಂದು ಹಾಡು

"ಅಯ್ಯೋ... ನನ್ನ ಕಿವಿ!"

ಉಕ್ಕಿನ ಟ್ಯಾಂಕಿನ ಒಳಗಿಂದ ಬಂದ ಆ ಚೀರಾಟಕ್ಕೆ ಹೊರಗೆ ನಿಂತಿದ್ದವನು ಬೆಚ್ಚಿಬಿದ್ದು ಹಿಂದೆ ಸರಿದ.

ತಪ್ಪು ಅವನದೇ. ಆಳೆತ್ತರದ ಟ್ಯಾಂಕು, ಅದಕ್ಕೊಂದು ಗುಂಡನೆಯ ಬಾಗಿಲು, ಆ ಬಾಗಿಲು ತೆರೆದೇ ಇದೆ. ಹಾಡುವವನಿಗೆ ಅದನ್ನು ಕಂಡ ಮೇಲೆ ಸುಮ್ಮನಿರಲು ಆದೀತೇ? ತಲೆ ಒಳಗೆ ತೂರಿಸಿ, ಎದೆ ತುಂಬ ಉಸಿರೆಳೆದು, "ಓ..." ಎಂದು ಒಂದು ಸ್ವರ ಬಿಟ್ಟಿದ್ದ. ಅದು ಒಳಗೆಲ್ಲ ಗಿರಗಿರನೆ ಸುತ್ತಿ, ಹತ್ತು ಜನ ಹಾಡಿದಂತೆ ದೊಡ್ಡದಾಗಿತ್ತು.

ಹೆಡ್‌ಫೋನನ್ನು ಕುತ್ತಿಗೆಗೆ ಇಳಿಸಿಕೊಂಡು, ಮಂಡಿಯೂರಿ ಒಬ್ಬಳು ಹೊರಗೆ ಬಂದಳು. ಕೆನ್ನೆಯ ಮೇಲೆ ಧೂಳು, ಕಣ್ಣಲ್ಲಿ ಬೆಂಕಿ!

"ಯಾರ್ರೀ ನೀವು? ಒಳಗೆ ಮನುಷ್ಯರು ಇರಬಹುದು ಅನ್ನೋ ಜ್ಞಾನ ಬೇಡ್ವಾ?"

"ಸಾರಿ... ಖಾಲಿ ಇದೆ ಅಂದ್ಕೊಂಡೆ."

"ಖಾಲಿ ಇದ್ರೆ ಕೂಗಬೇಕು ಅಂತ ಯಾರು ಹೇಳಿದ್ದು? ಮೈಕ್ ಆನ್ ಇತ್ತು, ನನ್ನ ಕಿವಿ ಮೇಲೆ ಹೆಡ್‌ಫೋನ್ ಇತ್ತು. ಇನ್ನೊಂದು ಸ್ವಲ್ಪ ಜೋರಾಗಿದ್ದಿದ್ರೆ ನನ್ನ ಕೆಲಸಾನೇ ಮುಗೀತಿತ್ತು!"

ಅವನು ಪೆಚ್ಚಾಗಿ ನಿಂತ. ಆಮೇಲೆ ತಡೆಯಲಾರದೆ ಕೇಳಿಯೇಬಿಟ್ಟ.

"ಸ್ವರ ಹೇಗಿತ್ತು?"

"ಏನು?!"

"ಅಲ್ಲ... ಕಿವಿಗೆ ಬಿದ್ದಿದ್ದಂತೂ ಬಿತ್ತು. ಸರಿ ಇತ್ತಾ ಅಂತ."

ಅವಳಿಗೆ ನಗು ಉಕ್ಕಿ ಬಂತು. ತುಟಿ ಕಚ್ಚಿಕೊಂಡಳು.

"ಸ್ವಲ್ಪ ಇಳಿದಿತ್ತು" ಎಂದವಳೇ ಕೇಬಲ್ಲಿನ ಸುರುಳಿಯನ್ನು ಹೆಗಲಿಗೇರಿಸಿ ಹೊರಟುಹೋದಳು.

ಅವನು ಅಲ್ಲೇ ನಿಂತ. 'ನಿಜವಾಗ್ಲೂ ಇಳಿದಿತ್ತಾ?' ಇಷ್ಟು ವರ್ಷ ಹಾಡಿದರೂ ಅವನ ಮುಖಕ್ಕೆ ಹಾಗೆ ಹೇಳಿದವರು ಯಾರೂ ಇರಲಿಲ್ಲ!

* * *

ಹೊಲಗಳ ನಡುವೆ, ಟಾರು ರಸ್ತೆ ಮುಗಿದು ಮಣ್ಣಿನ ದಾರಿ ಶುರುವಾಗುವಲ್ಲಿದ್ದ ಆ ಕಟ್ಟಡ ಒಂದು ಕಾಲಕ್ಕೆ ಹಾಲಿನ ಡೈರಿ. ಸುತ್ತಲಿನ ಊರುಗಳ ಹಾಲೆಲ್ಲ ಅಲ್ಲಿಗೇ ಬರುತ್ತಿತ್ತು. ಡೈರಿ ಮುಚ್ಚಿ, ಕಟ್ಟಡ ಪಾಳು ಬಿದ್ದಾಗ ಅದನ್ನು ಕೊಂಡವರು ಅವಳ ಅಪ್ಪ.

ಅಪ್ಪ ಆಗ ರೇಡಿಯೋದಲ್ಲಿ ಟೆಕ್ನಿಷಿಯನ್. ಹಾಲು ತಣ್ಣಗಿಡುತ್ತಿದ್ದ ಕೋಣೆಯ ದಪ್ಪ ಗೋಡೆಯನ್ನು ತಟ್ಟಿ ನೋಡಿ, "ಇದರೊಳಗೆ ಹೊರಗಿನ ಒಂದು ಸದ್ದೂ ಬರಲ್ಲ ಕಣೇ! ಇಲ್ಲೇ ಸ್ಟುಡಿಯೋ ಮಾಡೋಣ" ಎಂದಿದ್ದರಂತೆ.

"ಮಾಡೋಣ. ಹಾಡೋರು ಎಲ್ಲಿ ಮಲಗ್ತಾರೆ? ಏನು ತಿಂತಾರೆ?" ಎಂದು ಅಮ್ಮ ಕೇಳಿದ್ದರು.

ಆ ಪ್ರಶ್ನೆಯಿಂದಲೇ ಅದು ಬರೀ ಸ್ಟುಡಿಯೋ ಆಗದೆ ಉಳಿದುಕೊಳ್ಳುವ ಸ್ಟುಡಿಯೋ ಆಯಿತು. ಮೇಲೆ ಮಲಗುವ ಕೋಣೆಗಳು ಬಂದವು. ಹಾಲಿನ ಲೆಕ್ಕ ಬರೆಯುತ್ತಿದ್ದ ಜಾಗ ಊಟದ ಮನೆಯಾಯಿತು. ಉಕ್ಕಿನ ಟ್ಯಾಂಕನ್ನು ಗುಜರಿಗೆ ಹಾಕಲು ಬಂದವರನ್ನು ಅಪ್ಪ ವಾಪಸ್ಸು ಕಳಿಸಿದರು. ಅದರ ಒಂದು ತುದಿಗೆ ಸ್ಪೀಕರ್, ಇನ್ನೊಂದು ತುದಿಗೆ ಮೈಕ್ ಇಟ್ಟು ಹಾಡನ್ನು ಅದರೊಳಗೆ ಹಾಯಿಸಿದರೆ ಸಿಗುತ್ತಿದ್ದ ಗುಂಗು ಬೇರೆ ಯಾವ ಸ್ಟುಡಿಯೋದಲ್ಲೂ ಸಿಗುತ್ತಿರಲಿಲ್ಲ.

ಹಾಡುಗಾರರು ಬಂದರು. ವಾರಕ್ಕೆಂದು ಬಂದವರು ತಿಂಗಳು ಉಳಿದರು. ಜಗಳವಾಡಿಕೊಂಡು ಬೇರೆಯಾಗಲು ಹೊರಟಿದ್ದ ತಂಡವೊಂದು ಅಮ್ಮನ ಊಟದ ಮೇಜಿಗೆ ಒಟ್ಟಿಗೆ ಕೂತು ಮತ್ತೆ ಒಂದಾಗಿ ಹೋಗಿತ್ತು. ಇವಳು ಹುಟ್ಟಿ, ಅಂಬೆಗಾಲಿಟ್ಟಿದ್ದು ಕೇಬಲ್ಲುಗಳ ನಡುವೆಯೇ. ದೊಡ್ಡವಳಾಗಿ ಸೌಂಡ್ ಇಂಜಿನಿಯರ್ ಆದಳು.

ಆದರೆ ಕಾಲ ಬದಲಾಯಿತು. ಎಲ್ಲರೂ ತಮ್ಮ ಮಲಗುವ ಕೋಣೆಯಲ್ಲೇ, ಒಂದು ಲ್ಯಾಪ್‌ಟಾಪಿನಲ್ಲಿ ಹಾಡು ಮಾಡತೊಡಗಿದರು. ಮೇಲಿನ ಕೋಣೆಗಳು ಖಾಲಿ ಬಿದ್ದವು. ಬಹಳ ದಿನಗಳ ಮೇಲೆ ಪೂರ್ತಿ ಆಲ್ಬಮ್ ಮಾಡಲು ಬಂದಿದ್ದದ್ದು ಈ ತಂಡವೇ. ಇದು ಚೆನ್ನಾಗಿ ಬಂದರೆ ಡೈರಿಗೆ ಮತ್ತೆ ಜನ ಬರಬಹುದು. ಇಲ್ಲದಿದ್ದರೆ... ಅದನ್ನು ಮನೆಯಲ್ಲಿ ಯಾರೂ ಬಾಯಿಬಿಟ್ಟು ಹೇಳುತ್ತಿರಲಿಲ್ಲ.

ಟ್ಯಾಂಕಿನೊಳಗೆ ಕೂಗಿದವನು ಆ ತಂಡದ ಹಾಡುಗಾರ. ಹಿಂದೆ ಶಾಲೆಯಲ್ಲಿ ಗಣಿತ ಹೇಳಿಕೊಡುತ್ತಿದ್ದನಂತೆ. ಹಾಗಾಗಿ ತಂಡದವರಿಗೆಲ್ಲ ಅವನು 'ಮೇಷ್ಟ್ರು'. ಊಟದ ಹೊತ್ತಿಗೆ ಅವನೂ ಅವಳಿಗೊಂದು ಹೆಸರಿಟ್ಟ.

"ಇಂಜಿನಿಯರಮ್ಮಾವ್ರೇ, ಸ್ವಲ್ಪ ಉಪ್ಪು ಈ ಕಡೆ ಕೊಡ್ತೀರಾ?"

"ಮೇಷ್ಟ್ರೇ, ಕೈ ಚಾಚಿದ್ರೆ ಸಿಗುತ್ತೆ" ಎಂದಳು ಅವಳು.

ಅಮ್ಮ ಇಬ್ಬರನ್ನೂ ಒಮ್ಮೆ ನೋಡಿ, ಏನೂ ಗೊತ್ತಿಲ್ಲದವರಂತೆ ಸಾರು ಬಡಿಸಿದರು.

* * *

ರೆಕಾರ್ಡಿಂಗ್ ಶುರುವಾಯಿತು. ದಪ್ಪ ಗೋಡೆಯ ಬಗ್ಗೆ ಅಪ್ಪ ಎಷ್ಟೇ ಕೊಚ್ಚಿಕೊಂಡರೂ ಪಕ್ಕದ ಹೊಲದ ಟ್ರ್ಯಾಕ್ಟರ್ ಮಾತ್ರ ಅದಕ್ಕೆ ಬಗ್ಗುತ್ತಿರಲಿಲ್ಲ. ಅದು ಬಂತೆಂದರೆ ನೆಲವೇ ಗುಂಯ್‌ಗುಡುತ್ತಿತ್ತು. ಆಗ ಎಲ್ಲ ನಿಲ್ಲಿಸಿ ಕಾಯಬೇಕು. ಡ್ರಮ್ಮರ್ ನೆಲದ ಮೇಲೇ ಅಡ್ಡಾಗುತ್ತಿದ್ದ. ಇವರಿಬ್ಬರೂ ಹಿತ್ತಲ ಮೆಟ್ಟಿಲ ಮೇಲೆ ಕೂರುತ್ತಿದ್ದರು.

ಅಂಥ ಒಂದು ಮಧ್ಯಾಹ್ನ ಅವನು ಕೇಳಿದ. "ಮೂರನೇ ಹಾಡು ಹೇಗಿದೆ? ನಿಜ ಹೇಳಿ."

"ನಿಜ ಹೇಳಿದ್ರೆ ಬೇಜಾರಾಗ್ತೀರ."

"ಮೊದಲ ದಿನಾನೇ ಹೇಳಿದ್ರಲ್ಲ! ಇನ್ನೇನು ಬೇಜಾರು?"

"ಆ ಹಾಡಲ್ಲಿ ನೀವು ಅಮ್ಮನ್ನ ಕಳ್ಕೊಂಡಿದ್ದರ ಬಗ್ಗೆ ಹಾಡ್ತೀರ. ಆದ್ರೆ ಎಲ್ಲೂ ದನಿ ನಡುಗಲ್ಲ. ಯಾರೋ ನೋಡ್ತಿದ್ದಾರೆ ಅಂತ ಚೆನ್ನಾಗಿ ಹಾಡ್ತೀರ... ಅಷ್ಟೇ."

ಅವನು ಮೆಟ್ಟಿಲ ಮೇಲಿದ್ದ ಕಲ್ಲೊಂದನ್ನು ಎತ್ತಿ ಅಂಗೈಯಲ್ಲಿ ಹೊರಳಿಸಿದ. 'ಛೇ! ಜಾಸ್ತಿ ಮಾತಾಡಿಬಿಟ್ಟೆನಾ?' ಎಂದುಕೊಂಡಳು ಅವಳು.

"ಅಮ್ಮ ಹೋದಾಗ ಅಕ್ಕ ತುಂಬಾ ಅತ್ತಳು" ಎಂದ ಅವನು ಕೊನೆಗೆ. "ಅವಳನ್ನ ನೋಡ್ಕೋಬೇಕಿತ್ತು. ಹಾಗಾಗಿ ನಾನು ಅಳಲಿಲ್ಲ. ಆಮೇಲೆ... ಅದು ಹಾಗೇ ಉಳಿದುಬಿಡ್ತು."

ಟ್ರ್ಯಾಕ್ಟರ್ ನಿಂತಿತ್ತು. ಇಬ್ಬರೂ ಏಳಲಿಲ್ಲ.

ಮರುದಿನ ಅವಳು ತಂಡದವರನ್ನೆಲ್ಲ ಹೊರಗೆ ಕಳಿಸಿದಳು. ಹಾಡುವ ಕೋಣೆಗೂ ತನ್ನ ಕೋಣೆಗೂ ನಡುವಿದ್ದ ಗಾಜಿಗೆ ಪರದೆ ಎಳೆದಳು.

"ನಾನೂ ನೋಡಲ್ಲ. ನೀವು ಹಾಡಿ."

ಅವನು ಹಾಡಿದ. ಕೊನೆಯ ಚರಣದಲ್ಲಿ ದನಿ ಒಡೆಯಿತು. ಹಾಡು ಮುಗಿದ ಮೇಲೂ ಹೆಡ್‌ಫೋನಿನಲ್ಲಿ ಅವನ ಉಸಿರು ಕೇಳುತ್ತಿತ್ತು... ಏರುತ್ತ, ಇಳಿಯುತ್ತ. ಪರದೆಯ ಈಚೆ ಅವಳ ಕಣ್ಣೂ ತುಂಬಿ ಬಂದಿತ್ತು.

'ಇದೇನಾಗ್ತಿದೆ ನನಗೆ? ಬಂದವರು ಹಾಡಿ ಹೋಗ್ತಾರೆ. ಇವರೂ ಅಷ್ಟೇ ತಾನೆ?'

ಆದರೆ ಮನಸ್ಸು ಅವಳ ಮಾತು ಕೇಳುವ ಸ್ಥಿತಿಯಲ್ಲಿರಲಿಲ್ಲ!

* * *

ರೆಕಾರ್ಡಿಂಗ್ ಮುಗಿದು ಮಿಕ್ಸಿಂಗ್ ಶುರುವಾಯಿತು. ಬೇರೆಬೇರೆ ಟ್ರ್ಯಾಕ್‌ಗಳಾಗಿ ಹಿಡಿದಿಟ್ಟ ದನಿ, ವಾದ್ಯಗಳನ್ನೆಲ್ಲ ಹದವಾಗಿ ಬೆರೆಸಿ ಒಂದು ಹಾಡು ಮಾಡುವ ಕೆಲಸ ಅದು. ಡೈರಿಯಲ್ಲಿ ಮೊದಲಿನಿಂದಲೂ ಅದು ಅಪ್ಪನದೇ. ಬಾಗಿಲು ಹಾಕಿಕೊಂಡು ಕೂತರೆ ಮುಗಿಯುವವರೆಗೆ ಮಗಳಿಗೂ ಪ್ರವೇಶವಿಲ್ಲ. ಹಾಡು ಯಾರದೋ ಅವರೊಬ್ಬರು ಮಾತ್ರ ಪಕ್ಕದಲ್ಲಿ ಕೂರಬಹುದು.

ಮೊದಲ ದಿನ ಹೊರಗೆ ಬಂದ ಅವನ ಮುಖ ಸಪ್ಪಗಿತ್ತು. ಎರಡನೇ ದಿನ ಊಟದ ಮೇಜಿನಲ್ಲಿ ಅವಳ ಕಣ್ಣು ತಪ್ಪಿಸಿದ.

"ಮಿಕ್ಸಿಂಗ್ ಹೇಗೆ ಬರ್ತಿದೆ ಮೇಷ್ಟ್ರೇ?"

"ಹಾಂ... ಬರ್ತಿದೆ."

ಅಷ್ಟೇ! ತಟ್ಟೆಯಲ್ಲಿ ಊಟ ಹಾಗೇ ಬಿಟ್ಟು ಎದ್ದುಹೋದ.

ಮಾರನೆಯ ಬೆಳಿಗ್ಗೆ ಅವಳು ಮಿಕ್ಸಿಂಗ್ ನಡೆಯುವ ಕಂಟ್ರೋಲ್ ರೂಮಿನ ಹೊರಗಿನ ಸಣ್ಣ ಕೋಣೆಯಲ್ಲಿ ಮೈಕುಗಳನ್ನು ಒಂದೊಂದಾಗಿ ಪರೀಕ್ಷಿಸುತ್ತಿದ್ದಳು. ಹಾಡುವ ಕೋಣೆಯ ಮೈಕ್ ಆನ್ ಮಾಡಿದ್ದೇ ತಡ, ಹೆಡ್‌ಫೋನಿನಲ್ಲಿ ಅವನ ದನಿ ಕೇಳಿಸಿತು. ಡ್ರಮ್ಮರ್ ಜೊತೆ ಮಾತಾಡುತ್ತಿದ್ದ.

"ಮಿಕ್ಸಿಂಗ್ ಇಲ್ಲಿ ಬೇಡ ಕಣೋ. ಟ್ರ್ಯಾಕ್‌ಗಳನ್ನೆಲ್ಲ ಸಿಟಿಗೆ ತಗೊಂಡು ಹೋಗೋಣ."

"ಯಾಕೋ? ಇಂಜಿನಿಯರಮ್ಮನಿಗೆ ಏನು ಹೇಳ್ತೀಯ?"

"ಅವರಿಗೆ ಏನೂ ಗೊತ್ತಾಗೋದು ಬೇಡ. ನಾಳೆ ಹೊರಟುಬಿಡೋಣ."

ಅವಳ ಕೈಯಲ್ಲಿದ್ದ ಮೈಕ್ ಜಾರಿ ಮೇಜಿನ ಮೇಲೆ ಬಿತ್ತು.

ಅಪ್ಪನ ಮಿಕ್ಸಿಂಗ್ ಬೇಡವಂತೆ! ಇಷ್ಟೆಲ್ಲ ಹಾಡುಗಾರರಿಗೆ ಹೆಸರು ತಂದುಕೊಟ್ಟ ಅಪ್ಪನದು... ಬೇಡವಂತೆ! ಅದೂ ನನಗೆ ಗೊತ್ತಾಗದಂತೆ, ಕದ್ದು!

ನೇರ ಹಾಡುವ ಕೋಣೆಗೆ ನುಗ್ಗಿದಳು. ಅವಳ ಮುಖ ನೋಡಿ ಡ್ರಮ್ಮರ್ ಮೆಲ್ಲಗೆ ಜಾಗ ಖಾಲಿ ಮಾಡಿದ.

"ನಮ್ಮಪ್ಪನ ಕೆಲಸದಲ್ಲಿ ಏನು ಕೊರತೆ ಕಂಡ್ರಿ?"

ಅವನು ಬೆಚ್ಚಿ ತಿರುಗಿದ. "ನೀವು... ಕೇಳಿಸಿಕೊಂಡ್ರಾ?"

"ಕಾರಣ ಹೇಳಿ."

"ಕೇಳಬೇಡಿ. ದಯವಿಟ್ಟು."

"ಹಳೇ ಕಾಲದವರು ಅಂತಾನಾ? ಹಳ್ಳಿ ಸ್ಟುಡಿಯೋ, ಸಿಟಿಯವರಷ್ಟು ಗೊತ್ತಿಲ್ಲ ಅಂತಾನಾ? ಬಾಯಿಬಿಟ್ಟು ಹೇಳಿ ಮೇಷ್ಟ್ರೇ!"

ಅವನು ತಲೆ ತಗ್ಗಿಸಿದ.

ಅವಳು ಬಾಗಿಲ ಕಡೆ ಕೈ ತೋರಿಸಿದಳು.

"ನಾಳೆವರೆಗೆ ಯಾಕೆ ಕಾಯ್ತೀರ? ಇವತ್ತೇ ಹೊರಡಿ. ಟ್ರ್ಯಾಕ್‌ಗಳನ್ನ ನಾನೇ ಕಾಪಿ ಮಾಡಿ ಕೊಡ್ತೀನಿ."

ಸಂಜೆಗೆ ಮುಂಚೆ ವ್ಯಾನು ಹೊರಟಿತು. ಅವನು ಕಿಟಕಿಯಿಂದ ತಿರುಗಿ ನೋಡಿದ. ಅವಳು ನೋಡಲಿಲ್ಲ. ಅಡುಗೆಮನೆಯಲ್ಲಿ ಬೆನ್ನು ತಿರುಗಿಸಿ ನಿಂತು, ಒರೆಸಿದ ಲೋಟವನ್ನೇ ಮತ್ತೆ ಮತ್ತೆ ಒರೆಸುತ್ತಿದ್ದಳು.

* * *

ವಾರಗಳು ಕಳೆದವು. ಅಪ್ಪ ಮಂಕಾದರು. ತಂಡದವರು ಹೋದದ್ದು ಯಾಕೆಂದು ಒಂದು ಮಾತೂ ಕೇಳಲಿಲ್ಲ. ಅದು ಅವಳಿಗೆ ವಿಚಿತ್ರವಾಗಿ ಕಂಡಿತು.

ಒಂದು ಬೆಳಿಗ್ಗೆ ಅವಳು ಅಪ್ಪನ ಕುರ್ಚಿಯಲ್ಲಿ ಕೂತು, ಅವರು ಮಾಡಿಟ್ಟಿದ್ದ ಮಿಕ್ಸ್ ತೆರೆದಳು. 'ಏನು ತಪ್ಪಿದೆ ಅಂತ ನೋಡೇ ಬಿಡ್ತೀನಿ. ತಪ್ಪಿಲ್ಲ ಅಂತ ಗೊತ್ತಾದ್ರೆ ಸಾಕು... ಆ ಮೇಷ್ಟ್ರನ್ನ ಮರೆತುಬಿಡ್ತೀನಿ.'

ಹಾಡು ಶುರುವಾಯಿತು. ಅವಳ ಕೈ ತಾನಾಗಿಯೇ ಕಿವಿಗೆ ಹೋಯಿತು.

ಡ್ರಮ್ಮಿನ ಕಂಚಿನ ತಟ್ಟೆಗಳ ಸದ್ದು ಸೂಜಿಯಂತೆ ಚುಚ್ಚುತ್ತಿತ್ತು. ಹಾಡಿನಲ್ಲಿ 'ಸ' ಬಂದಾಗಲೆಲ್ಲ ಹಾವು ಬುಸುಗುಟ್ಟಿದ ಹಾಗೆ! ತೆಳುವಾದ, ಕೀಚಲು ಸದ್ದೆಲ್ಲ ಅತಿಯಾಗಿತ್ತು... ಅದು ಕೇಳಿಸದ ಯಾರೋ ಹೆಚ್ಚಿಸುತ್ತಲೇ ಹೋದ ಹಾಗೆ.

ಅವಳು ಹಾಡು ನಿಲ್ಲಿಸಿದಳು.

"ಏನು ಕೇಳ್ತಿದ್ದೀಯ ಮಗಳೇ?" ಅಪ್ಪ ಬಾಗಿಲಲ್ಲಿ ನಿಂತಿದ್ದರು.

"ಅಪ್ಪಾ... ಬಾ, ಇಲ್ಲಿ ಕೂತ್ಕೋ. ಒಂದು ಟೋನ್ ಹಾಕ್ತೀನಿ. ಕೇಳಿಸಿದಾಗ ಕೈ ಎತ್ತು."

ಅಪ್ಪ ಅವಳನ್ನೇ ನೋಡಿದರು. ಆಮೇಲೆ ಬಂದು ಕೂತರು, ಪರೀಕ್ಷೆಗೆ ಕೂತ ಹುಡುಗನ ಹಾಗೆ.

ದಪ್ಪ ಟೋನಿಗೆ ಕೈ ಎತ್ತಿದರು. ನಡುವಿನದಕ್ಕೂ ಎತ್ತಿದರು. ಅವಳು ಇನ್ನಷ್ಟು ತೆಳುವಾದ, ಕೀಚಲು ಟೋನ್ ಹಾಕಿದಳು. ಅದು ಕೋಣೆಯ ತುಂಬ ಕಿರುಚಿತು. ಅವಳಿಗೆ ಹಲ್ಲು ಜುಮ್ಮೆಂದಿತು.

ಅಪ್ಪ ಕಣ್ಣು ಮುಚ್ಚಿ, ತಲೆ ಸ್ವಲ್ಪ ವಾಲಿಸಿ, ತಾಳ್ಮೆಯಿಂದ ಕೂತಿದ್ದರು.

"ಹಾಕು ಮಗಳೇ... ಕಾಯ್ತಾ ಇದ್ದೀನಿ."

ಅವಳು ಬಟನ್ ಒತ್ತಿ ನಿಲ್ಲಿಸಿದಳು. ಬಾಯಿಗೆ ಕೈ ಅಡ್ಡ ಹಿಡಿದರೂ ಬಿಕ್ಕು ಹೊರಗೆ ಬಂತು. ಅದು ಮಾತ್ರ ಅಪ್ಪನಿಗೆ ಕೇಳಿಸಿತು. ಕಣ್ಣು ತೆರೆದರು.

"ಹಾಕಿದ್ದೆಯಾ?"

ಅವಳು ಹೌದೆಂದು ತಲೆಯಾಡಿಸಿದಳು.

"ಸ್ವಲ್ಪ ಕಮ್ಮಿಯಾಗಿದೆ ಅಂತ ಗೊತ್ತಿತ್ತು" ಎಂದರು ಅಪ್ಪ ನಿಧಾನವಾಗಿ. "ಇಷ್ಟು ಅಂತ ಗೊತ್ತಿರಲಿಲ್ಲ."

"ನನಗ್ಯಾಕೆ ಹೇಳ್ಲಿಲ್ಲ ಅಪ್ಪಾ?"

"ಹೆಂಗೆ ಹೇಳ್ಲಿ? ನಾನು ಅಂದ್ರೆ ಈ ಕಿವಿ ಅಷ್ಟೇ ಅಲ್ವೇನೇ..." ಅವರು ಕಿವಿ ಮುಟ್ಟಿಕೊಂಡರು. "ಆ ಹುಡುಗ ಪಕ್ಕದಲ್ಲಿ ಕೂತ ಮೊದಲ ದಿನಾನೇ ಕಂಡುಕೊಂಡ. ಒಂದು ಮಾತು ಕೆಟ್ಟದಾಗಿ ಆಡಲಿಲ್ಲ. 'ನಿಮ್ಮ ಮಗಳು ಮಾಡ್ಲಿ, ನೀವು ಜೊತೆಗೆ ಕೂರಿ' ಅಂದ. ನಾನೇ ಬೇಡ ಅಂದೆ. ಅವಳು ಮಿಕ್ಸ್ ಕೇಳಿದ್ರೆ ಎಲ್ಲ ಗೊತ್ತಾಗುತ್ತೆ, ಹೇಳ್ಬೇಡಪ್ಪಾ ಅಂತ ಅವನಿಗೆ ಕೈ ಮುಗಿದೆ. ಪಾಪ... ಮಾತು ಉಳಿಸಿಕೊಂಡು ಹೋದ."

ಅವಳಿಗೆ ಆ ದಿನ ಮತ್ತೆ ಕಣ್ಣಮುಂದೆ ಬಂತು.

'ಮೇಷ್ಟ್ರು ತಲೆ ತಗ್ಗಿಸಿ ನಿಂತಿದ್ದರು. ಒಂದು ಮಾತು ಆಡಿದ್ದರೆ ತಪ್ಪಿಸಿಕೊಳ್ಳಬಹುದಿತ್ತು. ನನ್ನ ಬೈಗುಳ ತಿಂದರೇ ಹೊರತು ಅಪ್ಪನ್ನ ಬಿಟ್ಟುಕೊಡಲಿಲ್ಲ... ನಾನೋ, ಹೊರಡಿ ಅಂದುಬಿಟ್ಟೆ!'

ಅಮ್ಮ ಬಾಗಿಲಿಗೆ ಬಂದು ಸೆರಗಿನಲ್ಲಿ ಕೈ ಒರೆಸಿಕೊಂಡರು.

"ನನಗೆ ಯಾವಾಗಲೋ ಗೊತ್ತಿತ್ತು. ಫೋನು ಪಕ್ಕದಲ್ಲೇ ಬಡ್ಕೊಂಡ್ರೂ ಈ ಮನುಷ್ಯ ಪೇಪರ್ ಓದ್ತಿರ್ತಾರೆ. ಅವರಾಗೇ ಹೇಳ್ಲಿ ಅಂತ ಸುಮ್ಮನಿದ್ದೆ."

"ಗೊತ್ತಿತ್ತಾ? ಮತ್ತೆ ಇಷ್ಟು ದಿನ 'ನನ್ನ ಮಾತು ಕೇಳಿಸಲ್ವಾ' ಅಂತ ಬೈತಿದ್ದೆಯಲ್ಲೇ!" ಎಂದರು ಅಪ್ಪ.

"ಅದು ಬೇರೆ. ನನ್ನ ಮಾತು ನಿಮಗೆ ಕಿವಿ ಚೆನ್ನಾಗಿದ್ದಾಗಲೂ ಕೇಳಿಸ್ತಿರಲಿಲ್ಲ."

ಅಳುತ್ತಲೇ ಮೂವರೂ ನಕ್ಕರು. ಅಪ್ಪ ಕುರ್ಚಿಯಿಂದ ಎದ್ದು, ಅದರ ಬೆನ್ನು ಹಿಡಿದು ಮಗಳ ಕಡೆ ತಿರುಗಿಸಿದರು.

"ಇನ್ಮೇಲೆ ನೀನು ಕೂರು."

ಅವಳು ಕೂತಳು. ಮೂರನೇ ಹಾಡನ್ನು ಮತ್ತೆ ಮೊದಲಿನಿಂದ ಶುರುಮಾಡಿದಳು. ಪಕ್ಕದ ಸ್ಟೂಲಿನಲ್ಲಿ ಅಪ್ಪ. ತೆಳು ಸದ್ದುಗಳನ್ನು ಅವಳು ಹದ ಮಾಡಿದರೆ, "ಕೆಳಗಿನ ಬೇಸ್ ಸದ್ದು ಮಂಕಾಗಿದೆ, ಸ್ವಲ್ಪ ಹೆಚ್ಚಿಸು" ಎಂದು ಅಪ್ಪ ಹೇಳುತ್ತಿದ್ದರು. ಅವರ ಮಾತು ಸರಿಯಾಗಿಯೇ ಇರುತ್ತಿತ್ತು. ಮೊದಲ ಸಲ ಕೆಟ್ಟಿತು, ಎರಡನೇ ಸಲ ಜಗಳವೇ ಆಯಿತು. ಅಂತೂ ಹಾಡು ಹದಕ್ಕೆ ಬಂತು.

"ಇನ್ನು ಇಲ್ಲಿ ಯಾಕೆ ಕೂತಿದ್ದೀಯ?" ಎಂದರು ಅಮ್ಮ. "ಸಿಟಿಗೆ ಹೋಗೋ ಬಸ್ಸು ಬರೋ ಹೊತ್ತಾಯ್ತು."

* * *

ಸ್ಟುಡಿಯೋ ಪುಸ್ತಕದಲ್ಲಿ ಅವನು ಬರೆದಿದ್ದ ವಿಳಾಸ ಸಿಟಿಯ ಸಂದಿಯೊಂದರದು. ಕೆಳಗೆ ಟೈಲರಿಂಗ್ ಅಂಗಡಿ, ಮೇಲೆ ಮನೆ. ಅಂಗಡಿಯಲ್ಲಿದ್ದ ಹೆಂಗಸು ಹೊಲಿಗೆ ಮಷಿನ್ ನಿಲ್ಲಿಸಿ ಅವಳನ್ನು ಮೇಲಿಂದ ಕೆಳಗೆ ನೋಡಿದಳು.

"ಮೇಷ್ಟ್ರು... ಇದ್ದಾರಾ?"

"ಓ! ಆ ಇಂಜಿನಿಯರಮ್ಮ ನೀನೇನಾ? ನಾನು ಅವನ ಅಕ್ಕ." ಬಾಯಲ್ಲಿದ್ದ ಗುಂಡುಪಿನ್ನುಗಳನ್ನು ತೆಗೆದಿಟ್ಟಳು. "ಎಲ್ಲಾ ಸ್ಟುಡಿಯೋ ಸುತ್ತಿ ಬಂದ ಕಣಮ್ಮ. ಯಾರು ಮಿಕ್ಸ್ ಮಾಡಿದ್ರೂ ಇವನಿಗೆ ಹಿಡಿಸ್ತಿಲ್ಲ. ಊಟ ಸರಿಯಾಗಿ ಮಾಡ್ತಿಲ್ಲ. ಹೋಗು, ಮೇಲಿದ್ದಾನೆ. ಬೈಯೋದಿದ್ರೆ ಚೆನ್ನಾಗೇ ಬೈದುಬಿಡು."

ಅವನು ಬಾಗಿಲು ತೆರೆದ. ಗಡ್ಡ ಬೆಳೆದಿತ್ತು.

"ಅಪ್ಪ ಎಲ್ಲ ಹೇಳಿದ್ರು" ಎಂದಳು ಅವಳು.

ಅವನ ಹೆಗಲು ಇಳಿಯಿತು, ಹೊತ್ತಿದ್ದ ಭಾರ ಇಳಿದಂತೆ. "ಹೇಗಿದ್ದಾರೆ?"

"ನನ್ನ ಜೊತೆ ಜಗಳ ಆಡ್ತಿದ್ದಾರೆ. ಚೆನ್ನಾಗಿದ್ದಾರೆ."

ಅವನು ನಕ್ಕ. ಅವಳಿಗೆ ಅಳು ಬಂತು.

"ನೀವು ಮಾಡಿದ್ದು ತಪ್ಪು ಮೇಷ್ಟ್ರೇ! ನಮ್ಮಪ್ಪನ ವಿಷಯ ನನ್ನಿಂದಲೇ ಮುಚ್ಚಿಟ್ರಿ."

"ಹೌದು. ತಪ್ಪು."

"ಅವರ ಮಾನ ಕಾಪಾಡಿದ್ರಿ. ಅದು ಸರಿ. ನಾನು ಬೈದಿದ್ದು ತಪ್ಪು. ನೀವು ಬೈಸಿಕೊಂಡು ಸುಮ್ಮನೆ ಹೋಗಿದ್ದು... ಅದು ಸರಿನೋ ತಪ್ಪೋ ನನಗೆ ಗೊತ್ತಾಗ್ತಿಲ್ಲ. ಬರೀ ನೋವಾಗ್ತಿದೆ."

"ನನಗೂ" ಎಂದ ಅವನು ಮೆಲ್ಲಗೆ.

ಅವಳು ಕಣ್ಣೊರೆಸಿಕೊಂಡು ಚೀಲದಿಂದ ಹೆಡ್‌ಫೋನ್ ತೆಗೆದಳು. "ಇದನ್ನ ಕೇಳಿ. ನಾನು ಮಾಡಿದ ಮೊದಲನೇ ಮಿಕ್ಸ್. ಇಷ್ಟ ಆಗದಿದ್ರೆ ನೇರವಾಗಿ ಹೇಳಿ."

ಅವನು ಕಿಟಕಿಯ ಪಕ್ಕ ಕೂತು ಕಣ್ಣು ಮುಚ್ಚಿದ. ಅವಳು ಉಗುರು ಕಚ್ಚುತ್ತ ನಿಂತಳು. ಕೆಳಗೆ ಹೊಲಿಗೆ ಮಷಿನ್ ಸದ್ದೇ ಇರಲಿಲ್ಲ. ಅಕ್ಕ ಖಂಡಿತ ಮೆಟ್ಟಿಲ ಮೇಲೆ ನಿಂತಿದ್ದಳು!

ಹಾಡು ಮುಗಿಯಿತು. ಅವನು ಹೆಡ್‌ಫೋನ್ ತೆಗೆಯಲಿಲ್ಲ. ಮುಚ್ಚಿದ ರೆಪ್ಪೆಯ ಕೆಳಗಿಂದ ನೀರು ಜಾರಿತು.

"ಕೊನೆಗೆ... ಹಾಡು ಮುಗಿದ ಮೇಲೆ ನನ್ನ ಉಸಿರು ಹಾಗೇ ಉಳಿಸಿದ್ದೀರ" ಎಂದ. "ಎಲ್ಲರೂ ಮೊದಲು ಅದನ್ನೇ ಕತ್ತರಿಸಿದ್ರು. ನೀವ್ಯಾಕೆ ಬಿಟ್ರಿ?"

"ಕತ್ತರಿಸೋಕೆ ಹೋದೆ. ಆಗ್ಲಿಲ್ಲ."

"ಯಾಕೆ?"

ಅವಳು ನೆಲ ನೋಡಿದಳು.

"ನೀವು ಹೋದ ಮೇಲೆ... ಅದೊಂದನ್ನೇ ಹಾಕ್ಕೊಂಡು ಕೇಳ್ತಿದ್ದೆ. ನೀವು ಅಲ್ಲೇ ಇದ್ದೀರ ಅನ್ನಿಸ್ತಿತ್ತು."

ಅವನು ಎದ್ದು ಬಂದು ಅವಳ ಎದುರು ನಿಂತ.

"ಹಾಗಾದ್ರೆ ನನ್ನ ಮಾತೂ ಕೇಳಿ. ನನಗೆ ಬೇರೆಯವರ ಮಿಕ್ಸ್ ಹಿಡಿಸದೆ ಇದ್ದದ್ದಲ್ಲ. ಕೆಲಸ ಮುಗಿದುಬಿಟ್ರೆ ನಿಮ್ಮ ಹತ್ರ ಬರೋಕೆ ನೆಪವೇ ಇರಲ್ಲ ಅಂತ ಭಯ."

"ಅದಕ್ಕೆ ನೆಪ ಬೇಕಿತ್ತಾ?"

"ಹೊರಡಿ ಅಂದವರ ಮನೆಗೆ ಸುಮ್ಮನೆ ಹೇಗೆ ಬರೋದು?"

"ನಾನು ಹೊರಡಿ ಅಂದೆ. ವಾಪಸ್ಸು ಬರಬೇಡಿ ಅಂದಿರಲಿಲ್ಲ."

ಮೆಟ್ಟಿಲ ಕಡೆಯಿಂದ ಅಕ್ಕ ಮೂಗು ಸೀಟಿಕೊಂಡ ಸದ್ದು ಕೇಳಿಸಿತು. ಇಬ್ಬರೂ ನಕ್ಕುಬಿಟ್ಟರು. ಅವನು ಅವಳ ಕೈ ಹಿಡಿದ. ಅವಳು ಬಿಡಿಸಿಕೊಳ್ಳಲಿಲ್ಲ.

"ಉಳಿದ ಹಾಡುಗಳನ್ನೂ ನೀವೇ ಮಿಕ್ಸ್ ಮಾಡ್ತೀರಾ?"

"ಮಾಡ್ತೀನಿ. ಪಕ್ಕದಲ್ಲಿ ನೀನು ಕೂತಿದ್ರೆ."

ಅವನು ಹುಬ್ಬೇರಿಸಿದ. "ನೀನು?"

ಅವಳ ಕೆನ್ನೆ ಕೆಂಪಾಯಿತು. "ಬಾಯಿ ತಪ್ಪಿ ಬಂತು."

"ಇನ್ನೊಂದು ಸಲ ತಪ್ಪಲಿ."

"ನೀನು..." ಎಂದಳು ಅವಳು, ಅವನಿಗಷ್ಟೇ ಕೇಳಿಸುವಷ್ಟು ಮೆಲ್ಲಗೆ.